ಕಡತ ಎಲ್ಲಿ ನಿಂತಿದೆ ಎಂದು ಕೇಳಿ

ಚಿಕ್ಕಪೇಟೆಯಿಂದ ಅವೆನ್ಯೂ ರಸ್ತೆ ಹಿಡಿದು ಮೈಸೂರು ಬ್ಯಾಂಕ್ ಸರ್ಕಲ್ಲಿಗೆ ಬಂದರೆ ಕೆಂಪೇಗೌಡ ರಸ್ತೆಯ ಸಿಟಿ ಸಿವಿಲ್ ಕೋರ್ಟು ಅಲ್ಲೇ. ಇನ್ನಷ್ಟು ನಡೆದರೆ ಹೈಕೋರ್ಟಿನ ಕೆಂಪು ಕಟ್ಟಡ. ಹಳಬರಿಗೆ ಅದು ಇಂದಿಗೂ ಅಠಾರಾ ಕಚೇರಿ. ಪೇಟೆಯ ಎಷ್ಟೋ ಮನೆಗಳಲ್ಲಿ ಅಪ್ಪ ಸವೆಸಿದ ಈ ದಾರಿಯನ್ನು ಈಗ ಮಗ ಸವೆಸುತ್ತಿದ್ದಾನೆ. ಈ ಬಾರಿ ಬಂದ ಪತ್ರಗಳಲ್ಲಿ ಹೆಚ್ಚಿನವು ಒಂದೇ ಮಾತು ಕೇಳುತ್ತವೆ: ಅಪೀಲು ಕದಲುತ್ತಿಲ್ಲ, ಮೇಲಿನ ಕೋರ್ಟು ಕೆಳಗಿನ ಕೋರ್ಟಿಗೆ ಹೇಳಬಾರದೇ? ಹಾಗಾಗಿ ಈ ಸಂಚಿಕೆಯನ್ನು ಅದೊಂದಕ್ಕೇ ಮೀಸಲಿಟ್ಟಿದ್ದೇನೆ.

ಮಾನ್ಯರೇ, ನಮ್ಮದು ಜವಳಿ ಅಂಗಡಿ. ಮಾಗಡಿ ತಾಲ್ಲೂಕಿನಲ್ಲಿ ತಾತನ ಕಾಲದ ಎರಡು ಎಕರೆ ಚಿಲ್ಲರೆ ಜಮೀನಿದೆ. ತಂದೆಯವರು ಹೂಡಿದ್ದ ದಾವೆ 2013ರಲ್ಲಿ ನಮ್ಮಂತೆ ಡಿಕ್ರಿ ಆಯಿತು. ದೊಡ್ಡಪ್ಪನ ಮಕ್ಕಳು ಸೀನಿಯರ್ ಸಿವಿಲ್ ಜಡ್ಜ್ ಕೋರ್ಟಿನಲ್ಲಿ ಅಪೀಲು ಹಾಕಿ ಸ್ಟೇ ತಂದರು. ತಂದೆ 2019ರಲ್ಲಿ ತೀರಿಕೊಂಡರು. ಅಪೀಲು ಇನ್ನೂ ವಾದಕ್ಕೇ ಬಂದಿಲ್ಲ. ಹೈಕೋರ್ಟಿನಲ್ಲಿ ರಿಟ್ ಹಾಕಿ, ಆರು ತಿಂಗಳಲ್ಲಿ ಮುಗಿಸುವಂತೆ ಆದೇಶ ತರೋಣ ಎನ್ನುತ್ತಾರೆ ನಮ್ಮ ವಕೀಲರು. ಹಾಕಬಹುದೇ?
— ಜವಳಿ ವ್ಯಾಪಾರಿ, ಚಿಕ್ಕಪೇಟೆ

ಹಾಕಬಹುದು. ಸಂವಿಧಾನದ 227ನೇ ವಿಧಿ ರಾಜ್ಯದ ಎಲ್ಲ ಕೋರ್ಟುಗಳ ಮೇಲ್ವಿಚಾರಣೆಯನ್ನು ಹೈಕೋರ್ಟಿಗೆ ಒಪ್ಪಿಸಿದೆ. ನಮ್ಮ ಹೈಕೋರ್ಟಿನ ಪಟ್ಟಿಯಲ್ಲಿ ಇಂಥ ಅರ್ಜಿಗಳಿಗೆ ‘ಜಿಎಂ–ಸಿಪಿಸಿ’ ಎಂಬ ಗುರುತಿರುತ್ತದೆ. ಕೆಳಗಿನ ಕೋರ್ಟಿನ ಪ್ರತಿ ತಪ್ಪನ್ನೂ ತಿದ್ದುವ ಮತ್ತೊಂದು ಅಪೀಲಲ್ಲ ಅದು. ಆ ಕೋರ್ಟು ತನ್ನ ಅಧಿಕಾರವನ್ನು ಮೀರಿದಾಗ, ಇಲ್ಲವೇ ಇರುವ ಅಧಿಕಾರವನ್ನು ಬಳಸದೆ ಕೈಕಟ್ಟಿ ಕೂತಾಗ ಎಚ್ಚರಿಸುವ ಅಧಿಕಾರ. ಅಪೀಲನ್ನು ವರ್ಷಗಟ್ಟಲೆ ಕೇಳದಿರುವುದೂ ಆ ಎರಡನೆಯ ಬಗೆಗೇ ಸೇರುತ್ತದೆ.

ಆದರೆ ನಿಮಗೆ ಈಗ ಆ ರಿಟ್ ಬೇಕಿಲ್ಲ ಅನ್ನಿಸುತ್ತದೆ. ಪತ್ರದ ಜೊತೆ ಆರ್ಡರ್ ಶೀಟಿನ ಜೆರಾಕ್ಸ್ ಕಳಿಸಿ ಒಳ್ಳೆಯದು ಮಾಡಿದಿರಿ. ಒಂದು ಸಂಜೆ ಪೆನ್ಸಿಲ್ ಹಿಡಿದು ಕೂತು ಓದಿದೆ. ಮೊದಲ ಪುಟದಲ್ಲಿ ಎರಡನೇ ರೆಸ್ಪಾಂಡೆಂಟ್ ನೋಟಿಸು ‘ಬಾಗಿಲು ಹಾಕಿದೆ’ ಎಂಬ ಷರಾದೊಂದಿಗೆ ಮೂರು ಸಲ ವಾಪಸಾಗಿದೆ. ಆಮೇಲೆ ಒಂದು ವರ್ಷ ‘ಕೆಳ ನ್ಯಾಯಾಲಯದ ಕಡತ ಬಂದಿಲ್ಲ’. ನಡುನಡುವೆ ‘ಪೀಠಾಧಿಕಾರಿಗಳು ರಜೆ’. 2019ರ ಕೊನೆಯಲ್ಲಿ ನಿಮ್ಮ ವಕೀಲರು ತಂದೆಯವರ ಮರಣದ ಮೆಮೊ ಕೊಟ್ಟಿದ್ದಾರೆ. ಅದು ಅವರ ಕರ್ತವ್ಯ, ಸರಿಯಾಗಿ ಮಾಡಿದ್ದಾರೆ. ಅಲ್ಲಿಂದ ಮುಂದೆ ಪ್ರತಿ ಮುದ್ದತಿನಲ್ಲೂ ಒಂದೇ ಸಾಲು: ‘ಮೃತರ ವಾರಸುದಾರರ ಬಗ್ಗೆ ಕ್ರಮಕ್ಕೆ ಸಮಯ ಕೋರಿದ್ದಾರೆ, ಮುಂದೂಡಲಾಗಿದೆ.’ ಕೋವಿಡ್ ಬಂದು ಹೋಯಿತು, ಜಡ್ಜರು ಬದಲಾದರು, ಆ ಸಾಲು ಬದಲಾಗಲಿಲ್ಲ. ನಿಮ್ಮ ಅಪೀಲು ನಿಂತಿರುವ ಜಾಗ ಇದೇ.

ಇಲ್ಲಿ ಕಾನೂನು ನಿಮ್ಮ ಕಡೆಗಿದೆ. ರೆಸ್ಪಾಂಡೆಂಟ್ ಸತ್ತರೆ ಅವರ ವಾರಸುದಾರರನ್ನು 90 ದಿನದೊಳಗೆ ಸೇರಿಸುವ ಹೊಣೆ ಅಪೀಲು ಹಾಕಿದವರದು. ಸೇರಿಸದಿದ್ದರೆ ಅಪೀಲು ಆ ವ್ಯಕ್ತಿಯ ಮಟ್ಟಿಗೆ ತಾನಾಗಿಯೇ ಅಬೇಟ್ ಆಗುತ್ತದೆ, ಅಂದರೆ ಬಿದ್ದುಹೋಗುತ್ತದೆ, ಅದಕ್ಕೆ ಆದೇಶವೂ ಬೇಕಿಲ್ಲ. ಅದನ್ನು ರದ್ದು ಮಾಡಿಸಲು ಮತ್ತೆ 60 ದಿನ. ಅದೂ ದಾಟಿದರೆ ವಿಳಂಬ ಮನ್ನಾಕ್ಕೆ ಬೇರೆ ಅರ್ಜಿ, ದಿನದಿನದ ಕಾರಣ. ನೀವು ಕಳಿಸಿದ ಪ್ರತಿಯಲ್ಲಿ ಅಂಥ ಯಾವ ಅರ್ಜಿಯೂ ಕಾಣಲಿಲ್ಲ. ಹಾಗಿದ್ದಮೇಲೆ ನಿಮ್ಮ ವಕೀಲರು ಮುಂದಿನ ಮುದ್ದತಿಗೆ ಒಂದೂವರೆ ಪುಟದ ಮೆಮೊ ಕೊಡಲಿ: ಮರಣದ ತಾರೀಖು ಇದು, ಇಷ್ಟು ದಿನ ಕಳೆದಿದೆ, ತಂದೆಯವರ ಮಟ್ಟಿಗೆ ಅಪೀಲು ಅಬೇಟ್ ಆಗಿದೆ ಎಂದು ದಾಖಲಿಸಿ, ಸ್ಟೇ ತೆರವು ಮಾಡಿ. ಇಂಥ ವಿಷಯದಲ್ಲಿ ಕೋರ್ಟುಗಳು ಕೈಬಿಚ್ಚಿ ವಿಳಂಬ ಮನ್ನಿಸುತ್ತವೆ, ಆದ್ದರಿಂದ ಅಪೀಲು ಅಲ್ಲಿಗೇ ಮುಗಿಯುತ್ತದೆಂದು ನಾನು ಆಸೆ ಹುಟ್ಟಿಸುವುದಿಲ್ಲ. ಆದರೆ ನಿದ್ದೆ ಮಾಡುತ್ತಿದ್ದವರು ಎದ್ದು ಬಂದು ಅರ್ಜಿ ಹಾಕಲೇಬೇಕಾಗುತ್ತದೆ. ಕಡತ ಕದಲುತ್ತದೆ.

ರಿಟ್ ಬಗ್ಗೆ ನಾನು ಹಿಂಜರಿಯುವುದಕ್ಕೆ ಇನ್ನೊಂದು ಕಾರಣವಿದೆ. 2024ರ ಫೆಬ್ರುವರಿ 29ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಅಲಹಾಬಾದ್ ಹೈಕೋರ್ಟ್ ವಕೀಲರ ಸಂಘದ ಪ್ರಕರಣದಲ್ಲಿ ಒಂದು ಮಾತು ಹೇಳಿತು. ಕೆಳಗಿನ ಕೋರ್ಟುಗಳಿಗೆ ‘ಇಂಥ ಕೇಸನ್ನು ಇಷ್ಟು ದಿನದಲ್ಲಿ ಮುಗಿಸಿ’ ಎಂದು ಗಡುವು ಹಾಕುವುದು ಅಸಾಧಾರಣ ಸಂದರ್ಭಕ್ಕೆ ಮಾತ್ರ ಇರಬೇಕು, ರೂಢಿ ಆಗಬಾರದು. ತೀರ್ಪು ಬರೆದವರು ನಮ್ಮಲ್ಲೇ ಮುಖ್ಯ ನ್ಯಾಯಮೂರ್ತಿಗಳಾಗಿದ್ದ ಅಭಯ್ ಓಕಾ. ಅದರ ಹಿಂದಿನ ತರ್ಕ ನನಗೆ ಪೂರ್ತಿ ಒಪ್ಪಿಗೆ. ಹೈಕೋರ್ಟಿಗೆ ಹೋಗುವ ಶಕ್ತಿ ಇದ್ದವರ ಕೇಸು ಮುಂದಕ್ಕೆ ಹಾರುತ್ತದೆ, ಅದೇ ಕೋರ್ಟಿನಲ್ಲಿ ಅದಕ್ಕಿಂತ ಹಳೆಯ ಅಪೀಲು ಇಟ್ಟುಕೊಂಡು ಬಸ್ ಚಾರ್ಜಿಗೂ ಲೆಕ್ಕ ಹಾಕುವ ರೈತನ ಕೇಸು ಹಿಂದಕ್ಕೆ ಸರಿಯುತ್ತದೆ. ಗಡುವಿನ ಆದೇಶ ಹೊತ್ತು ಬಂದ ಹತ್ತು ಕಡತಗಳು ಮೇಜಿನ ಮೇಲಿದ್ದರೆ ಜಡ್ಜರು ತಾನೆ ಏನು ಮಾಡಿಯಾರು?

ಹಾಗೆಂದು ಬಾಗಿಲು ಮುಚ್ಚಿಲ್ಲ. ಅಬೇಟ್‌ಮೆಂಟ್ ಮೆಮೊ ಕೊಟ್ಟ ಮೇಲೂ ಅದನ್ನು ಕೇಳದೆ ನಾಲ್ಕಾರು ಸಲ ಮುಂದೂಡಿದರೆ ಆಗ 227ರಡಿ ಹೋಗಿ, ‘ಅಪೀಲು ಮುಗಿಸಲು ಹೇಳಿ’ ಎನ್ನಬೇಡಿ, ‘ಈ ಒಂದು ಅರ್ಜಿಯ ಮೇಲೆ ಆದೇಶ ಮಾಡಲು ಹೇಳಿ’ ಎನ್ನಿ. ಯಾರ ಸರದಿಯನ್ನೂ ಕಿತ್ತುಕೊಳ್ಳದ ಕೋರಿಕೆ ಅದು, ಹೈಕೋರ್ಟಿಗೂ ಕೊಡಲು ಸುಲಭ. ಜಡ್ಜರ ಹುದ್ದೆಯೇ ಖಾಲಿ ಇದ್ದು ಅಪೀಲು ನಿಂತಿದ್ದರೆ ಅದಕ್ಕೂ ರಿಟ್ ಬೇಡ, ಸಿವಿಲ್ ಪ್ರಕ್ರಿಯಾ ಸಂಹಿತೆಯ 24ನೇ ಕಲಮಿನಡಿ ಜಿಲ್ಲಾ ನ್ಯಾಯಾಧೀಶರೇ ಅದನ್ನು ಬೇರೆ ಕೋರ್ಟಿಗೆ ವರ್ಗಾಯಿಸಬಹುದು.

ಮಾಮೂಲ್‌ಪೇಟೆಯಲ್ಲಿ ನಮ್ಮ ಯಜಮಾನರು ಬಿಟ್ಟುಹೋದ ಹತ್ತಕ್ಕೆ ಹನ್ನೆರಡು ಅಡಿಯ ಒಂದು ಮಳಿಗೆ ಇದೆ. ತಿಂಗಳಿಗೆ 1,100 ರೂಪಾಯಿ ಬಾಡಿಗೆ. 2017ರಲ್ಲಿ ಸ್ಮಾಲ್ ಕಾಸಸ್ ಕೋರ್ಟು ತೆರವಿಗೆ ಆದೇಶ ಮಾಡಿತು. ಬಾಡಿಗೆದಾರರು ಹೈಕೋರ್ಟಿನಲ್ಲಿ ರಿವಿಷನ್ ಹಾಕಿ ಸ್ಟೇ ಪಡೆದು ಅದೇ ಬಾಡಿಗೆ ಕೊಟ್ಟುಕೊಂಡಿದ್ದಾರೆ. ನಾನು ಇನ್ನೆಷ್ಟು ವರ್ಷ ಕಾಯಬೇಕು?
— ಒಬ್ಬ ತಾಯಿ, ಮಾಮೂಲ್‌ಪೇಟೆ

ತಾಯಿ, ನಿಮ್ಮ ಮಳಿಗೆ 14 ಚದರ ಮೀಟರಿಗಿಂತ, ಅಂದರೆ ಸುಮಾರು 150 ಚದರ ಅಡಿಗಿಂತ ಚಿಕ್ಕದು. ಅದಕ್ಕೇ ಅದು 1999ರ ಕರ್ನಾಟಕ ಬಾಡಿಗೆ ಕಾಯ್ದೆಯ ರಕ್ಷಣೆಯೊಳಗೆ ಬರುತ್ತದೆ, ಅದಕ್ಕೇ ನಿಮಗೆ ಅಪೀಲಿನ ಬದಲು ರಿವಿಷನ್. ಪಕ್ಕದಲ್ಲೇ ಇರುವ ದೊಡ್ಡ ಮಳಿಗೆಯವರಿಗೆ ದಾರಿಯೇ ಬೇರೆ.

ನೀವು ಕೇಳಬೇಕಾದ್ದು ‘ಬೇಗ ಮುಗಿಸಿ’ ಎಂದಲ್ಲ. ‘ಸ್ಟೇಗೆ ಷರತ್ತು ಹಾಕಿ’ ಎಂದು. ಮೇಲ್ಮನವಿ ಹಾಕಿದ ಮಾತ್ರಕ್ಕೆ ಸ್ಟೇ ಬರುವುದಿಲ್ಲ, ಅದು ಕೋರ್ಟು ಕೊಡುವ ಅನುಗ್ರಹ. ಕೊಡುವಾಗ ಷರತ್ತು ವಿಧಿಸಬಹುದು. 2004ರ ಡಿಸೆಂಬರಿನಲ್ಲಿ ಆತ್ಮಾರಾಮ್ ಪ್ರಾಪರ್ಟೀಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟ ಮಾಡಿತು: ತೆರವಿನ ಆದೇಶ ಬಂದ ದಿನದಿಂದ ಬಾಡಿಗೆದಾರ ಹಳೆಯ ಬಾಡಿಗೆಯ ಹಕ್ಕು ಹೇಳುವಂತಿಲ್ಲ, ಆ ಜಾಗವನ್ನು ಬೇರೆಯವರಿಗೆ ಕೊಟ್ಟಿದ್ದರೆ ಮಾಲೀಕರಿಗೆ ಬರಬಹುದಾಗಿದ್ದ ಮೊತ್ತ ಕೊಟ್ಟೇ ಸ್ಟೇ ಅನುಭವಿಸಬೇಕು. 2009ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಇದು ರಿವಿಷನ್ನಿಗೂ ಅನ್ವಯ ಎಂದಿತು.

ನಿಮ್ಮ ಸಾಲಿನ ಎರಡು ಮೂರು ಮಳಿಗೆಗಳ ಇತ್ತೀಚಿನ ಬಾಡಿಗೆ ಕರಾರಿನ ಪ್ರತಿ ಸಿಕ್ಕರೆ ಅರ್ಜಿಗೆ ಲಗತ್ತಿಸಿ. ಪೇಟೆಯಲ್ಲಿ ಒಂದು ಮಳಿಗೆಗೆ ಎಷ್ಟು ಬಾಡಿಗೆ ನಡೆಯುತ್ತದೆಂದು ಬಾಯಿಮಾತಲ್ಲಿ ಎಲ್ಲರಿಗೂ ಗೊತ್ತು, ಕೋರ್ಟಿಗೆ ಕಾಗದ ಬೇಕು. ಮೂವತ್ತು ವರ್ಷ ಈ ಕೆಲಸ ಮಾಡಿ ಕಂಡ ಒಂದು ಸಂಗತಿ ಹೇಳುತ್ತೇನೆ. ಮುಂದೂಡಿದಷ್ಟೂ ಲಾಭ ಇರುವವರೆಗೆ ಮುಂದೂಡಿಕೆ ನಿಲ್ಲುವುದಿಲ್ಲ. ತಿಂಗಳು ತಿಂಗಳೂ ನಿಜವಾದ ಬಾಡಿಗೆ ಎಣಿಸಿ ಕೊಡಬೇಕಾದಾಗ ಎದುರು ಪಕ್ಷದವರೇ ವಾದಕ್ಕೆ ಸಿದ್ಧರಾಗುತ್ತಾರೆ. ವಕೀಲರ ಫೀಸು ಕೈಗೆ ಮೀರುತ್ತಿದ್ದರೆ ಸಂಕೋಚ ಬೇಡ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಹಕ್ಕಿನಿಂದ ಸಿಗುತ್ತದೆ. ಅದನ್ನು ಕೇಳಲು ಎಚ್. ಸಿದ್ದಯ್ಯ ರಸ್ತೆಯ ನ್ಯಾಯದೇಗುಲಕ್ಕೆ ಕಾಗದಪತ್ರ ಹಿಡಿದು ಹೋಗಿ.

ನಗರ್ತಪೇಟೆಯ ನಮ್ಮ ಪಿತ್ರಾರ್ಜಿತ ಮನೆ ಮತ್ತು ಕೆಳಗಿನ ಅಂಗಡಿಗಳ ಪಾಲಿನ ದಾವೆಯಲ್ಲಿ ನಾಲ್ಕನೇ ಒಂದು ಭಾಗ ನನಗೆ ಎಂದು ಸಿಟಿ ಸಿವಿಲ್ ಕೋರ್ಟು ತೀರ್ಪು ಕೊಟ್ಟಿತು. ಅಣ್ಣ 2016ರಲ್ಲಿ ಹೈಕೋರ್ಟಿಗೆ ಆರ್‌ಎಫ್‌ಎ ಹಾಕಿದರು, ಇನ್ನೂ ಅಲ್ಲೇ ಇದೆ. ನನಗೀಗ 71. ಹೈಕೋರ್ಟು ತಡ ಮಾಡಿದರೆ ಸುಪ್ರೀಂ ಕೋರ್ಟಿಗೆ ದೂರು ಕೊಡಬಹುದೇ?
— ನಿವೃತ್ತ ನೌಕರರು, ಮಲ್ಲೇಶ್ವರ

ಇಲ್ಲಿ ಬಹಳ ಜನ ಎಡವುತ್ತಾರೆ. ಹೈಕೋರ್ಟಿಗೆ ಕೆಳಗಿನ ಕೋರ್ಟುಗಳ ಮೇಲಿರುವ ಮೇಲ್ವಿಚಾರಣೆಯ ಅಧಿಕಾರ ಸುಪ್ರೀಂ ಕೋರ್ಟಿಗೆ ಹೈಕೋರ್ಟಿನ ಮೇಲೆ ಇಲ್ಲ. ಹೈಕೋರ್ಟಿನ ತೀರ್ಪನ್ನು ಅದು ತಿದ್ದಬಹುದು, ದಿನಚರಿಯನ್ನು ಅಲ್ಲ. ದೆಹಲಿಯವರೆಗೆ ಹೋದರೂ ‘ಶೀಘ್ರ ವಿಲೇವಾರಿಗೆ ಹೈಕೋರ್ಟನ್ನು ವಿನಂತಿಸುತ್ತೇವೆ’ ಎಂಬ ಸಾಲು ಸಿಗಬಹುದು. ಆ ಪದ ಸುಮ್ಮನೆ ಬಂದದ್ದಲ್ಲ, ಅವರು ಆಜ್ಞೆ ಮಾಡದೆ ವಿನಂತಿಯನ್ನೇ ಮಾಡುತ್ತಾರೆ.

ಬೇರೆ ಜಿಲ್ಲೆಯ ದಾವೆಗಳಲ್ಲಿ ಎಷ್ಟೋ ಮೊದಲ ಅಪೀಲುಗಳು ಜಿಲ್ಲೆಯಲ್ಲೇ ನಡೆಯುತ್ತವೆ. ಬೆಂಗಳೂರಿಗೆ 1979ರ ಸಿಟಿ ಸಿವಿಲ್ ಕೋರ್ಟ್ ಕಾಯ್ದೆ ಬಂದ ಮೇಲೆ ಇಲ್ಲಿಯ ಮನೆ, ನಿವೇಶನ, ಅಂಗಡಿಯ ತಗಾದೆಗಳ ಅಪೀಲೆಲ್ಲ ನೇರ ಹೈಕೋರ್ಟಿಗೆ. ನಿಮ್ಮ ಆರ್‌ಎಫ್‌ಎಯಂಥ ಮೊದಲ ಅಪೀಲೆಂದರೆ ಸಾಕ್ಷ್ಯವನ್ನೆಲ್ಲ ಮತ್ತೆ ತೂಗಬೇಕು, ಅರ್ಧ ಗಂಟೆಯಲ್ಲಿ ಮುಗಿಯುವ ಕೆಲಸವಲ್ಲ. ಅಲ್ಲಿ ಮಂಜೂರಾದ ನ್ಯಾಯಮೂರ್ತಿಗಳ ಹುದ್ದೆ 62. ಅಷ್ಟೂ ತುಂಬಿದ್ದ ದಿನವನ್ನು ನಾನು ಕಂಡಿಲ್ಲ. ಇದು ಸರ್ಕಾರಗಳೂ ನ್ಯಾಯಾಂಗವೂ ಸೇರಿ ಹೊರಬೇಕಾದ ತಪ್ಪು, ನೇಮಕ ತಡವಾದ ಪ್ರತಿ ತಿಂಗಳಿಗೂ ನಿಮ್ಮಂಥವರು ಬೆಲೆ ತೆರುತ್ತಿದ್ದೀರಿ.

ನಿಮ್ಮ ಕೈಯಲ್ಲಿರುವುದು ಮೂರು ಕೆಲಸ. ಕಚೇರಿ ಆಕ್ಷೇಪಣೆಗಳೆಲ್ಲ ತೀರಿವೆಯೇ, ಕೆಳ ನ್ಯಾಯಾಲಯದ ಕಡತ ಬಂದಿದೆಯೇ, ಪೇಪರ್ ಬುಕ್ ಸಿದ್ಧವೇ ಎಂದು ಮೊದಲು ನೋಡಿಸಿ. ಎಲ್ಲವೂ ಸರಿ ಇದ್ದರೆ ವಯಸ್ಸಿನ ದಾಖಲೆ ಲಗತ್ತಿಸಿ ಬೇಗ ಕೇಳಿ ಎಂಬ ಅರ್ಜಿ ಹಾಕಿಸಿ, ಒಮ್ಮೆ ತಳ್ಳಿಹೋದರೂ ಆರು ತಿಂಗಳ ಮೇಲೆ ಮತ್ತೆ ಹಾಕಬಹುದು. ಮೂರನೆಯದು, ನನ್ನ ಮನಸ್ಸಿಗೆ ಹತ್ತಿರದ್ದು, ಮಧ್ಯಸ್ಥಿಕೆ. ಬೆಂಗಳೂರು ಮೀಡಿಯೇಷನ್ ಸೆಂಟರ್ 2007ರಿಂದ ಅದೇ ನ್ಯಾಯದೇಗುಲದಲ್ಲಿ ನಡೆಯುತ್ತಿದೆ. ಅಂಗಡಿ ನಡೆಸುತ್ತಿರುವ ಅಣ್ಣ ಉಳಿದವರ ಪಾಲಿಗೆ ಹಣ ಕೊಟ್ಟು ಕಟ್ಟಡ ಉಳಿಸಿಕೊಳ್ಳುವ ಒಪ್ಪಂದಗಳು ಅಲ್ಲಿ ಆಗುತ್ತವೆ. ಹದಿನೈದು ಅಡಿ ಅಗಲದ ಪೇಟೆ ಮನೆಯನ್ನು ನಾಲ್ಕು ಸೀಳು ಮಾಡಿದರೆ ಯಾರಿಗೆ ಏನು ಸಿಗುತ್ತದೆ ಎಂದು ಅಣ್ಣತಮ್ಮಂದಿರು ಎದುರುಬದುರು ಕೂತಾಗಲೇ ಹೊಳೆಯುವುದು.

ಇನ್ನೊಂದು ಮಾತು. ಅಪೀಲು ಗೆದ್ದ ಮೇಲೂ ನಿಮಗಿರುವುದು ಪ್ರಾಥಮಿಕ ಡಿಕ್ರಿ, ಅಳತೆ ಹಾಕಿ ಪಾಲು ಕೈಗೆ ಕೊಡುವ ಅಂತಿಮ ಡಿಕ್ರಿ ಬಾಕಿ. ನಮ್ಮಲ್ಲಿ ಅದಕ್ಕೆ ಎಫ್‌ಡಿಪಿ ಎಂದು ಬೇರೆ ಅರ್ಜಿ ಹಾಕಿ ಹೊಸದಾಗಿ ಕಾಯುವ ರೂಢಿ. ಬೇರೆ ಅರ್ಜಿಗೆ ಕಾಯದೆ ವಿಚಾರಣಾ ಕೋರ್ಟೇ ಮುಂದುವರಿಯಬೇಕು ಎಂದು ಸುಪ್ರೀಂ ಕೋರ್ಟು 2022ರಲ್ಲಿ ಹೇಳಿದೆ. ಆ ದಿನ ಬಂದಾಗ ವಕೀಲರಿಗೆ ನೆನಪು ಮಾಡಿ.

ಜಡ್ಜರ ಮೇಲೆ ಹೈಕೋರ್ಟಿಗೆ ಪತ್ರ ಬರೆದರೆ ಅವರಿಗೆ ಸಿಟ್ಟು ಬಂದು ನಮ್ಮ ಅಪೀಲನ್ನೇ ವಜಾ ಮಾಡಿಬಿಟ್ಟರೆ?
— ನಿವೃತ್ತ ಶಿಕ್ಷಕರು, ಬಸವನಗುಡಿ

ಮೇಷ್ಟ್ರೇ, ಈ ಭಯವನ್ನು ನಾನು ತಳ್ಳಿಹಾಕುವುದಿಲ್ಲ. ಆದರೆ ದೂರಿಗೂ ಕೋರಿಕೆಗೂ ಇರುವ ಅಂತರ ಗಮನಿಸಿ. 227 ನ್ಯಾಯಾಸನದ ಬಾಗಿಲು. ಇನ್ನೊಂದು ಆಡಳಿತದ ಬಾಗಿಲು, 235ನೇ ವಿಧಿ: ಕೆಳಗಿನ ನ್ಯಾಯಾಧೀಶರ ನೇಮಕಾತಿಯ ಜಾಗ, ಬಡ್ತಿ, ರಜೆ, ಶಿಸ್ತು ಎಲ್ಲ ಹೈಕೋರ್ಟಿನ ಹಿಡಿತದಲ್ಲಿ. ಪ್ರತಿ ಜಿಲ್ಲೆಗೂ ಹೈಕೋರ್ಟಿನ ಒಬ್ಬರು ಆಡಳಿತಾತ್ಮಕ ನ್ಯಾಯಮೂರ್ತಿ ಇರುತ್ತಾರೆ. ಹಳೆಯ ಕೇಸುಗಳ ಲೆಕ್ಕ ಅವರೆದುರಿಗೆ ಹೋಗುತ್ತದೆ.

ಈ ಲೆಕ್ಕಕ್ಕೆ 2023ರ ಅಕ್ಟೋಬರ್ 20ರಂದು ಹೆಚ್ಚು ತೂಕ ಬಂತು. ಉತ್ತರಾಖಂಡದಲ್ಲಿ 1982ರಲ್ಲಿ ಹುಟ್ಟಿದ ಒಂದು ದಾವೆ 41 ವರ್ಷವಾದರೂ ಮುಗಿಯದೆ ಸುಪ್ರೀಂ ಕೋರ್ಟಿಗೆ ಬಂದಾಗ, ನಮ್ಮ ಹೈಕೋರ್ಟಿನಿಂದಲೇ ಹೋದ ನ್ಯಾಯಮೂರ್ತಿ ಅರವಿಂದ್ ಕುಮಾರ್ ತೀರ್ಪು ಬರೆದರು. ಐದು ವರ್ಷ ಮೀರಿದ ಕೇಸುಗಳ ವಿವರವನ್ನು ಪ್ರತಿ ಕೋರ್ಟು ತಿಂಗಳು ತಿಂಗಳೂ ಪ್ರಧಾನ ಜಿಲ್ಲಾ ನ್ಯಾಯಾಧೀಶರಿಗೆ ಕೊಡಬೇಕು, ಅದು ಹೈಕೋರ್ಟಿನ ಪರಿಶೀಲನಾ ಸಮಿತಿಗೆ ಹೋಗಬೇಕು, ಸಮಿತಿ ಎರಡು ತಿಂಗಳಿಗೊಮ್ಮೆಯಾದರೂ ಸೇರಬೇಕು.

ಆದ್ದರಿಂದ ನೀವು ಪ್ರಧಾನ ಜಿಲ್ಲಾ ನ್ಯಾಯಾಧೀಶರಿಗೆ ಒಂದು ಪುಟ ಬರೆಯಿರಿ. ಕೇಸ್ ನಂಬರು, ಸಿಎನ್‌ಆರ್ ನಂಬರು, ದಾಖಲಾದ ವರ್ಷ, ಯಾವ ಹಂತದಲ್ಲಿ ಎಷ್ಟು ಕಾಲದಿಂದ ನಿಂತಿದೆ, ಇಷ್ಟೇ. ಜಡ್ಜರ ಗುಣಾವಗುಣ ಬೇಡ, ಊಹೆ ಬೇಡ. ಹೆಸರು ಹಾಕಿ ಸಹಿ ಮಾಡಿ. ಲಂಚದ ಮಾತಾದರೆ ಅದು ವಿಜಿಲೆನ್ಸ್ ವಿಷಯ, ಆಧಾರ ಇದ್ದರೆ ಮಾತ್ರ ಅಲ್ಲಿಗೆ. ಮೇಲಿನವರು ಎಷ್ಟೇ ದೊಡ್ಡವರಾಗಲಿ, ತೀರ್ಪು ಹೀಗೇ ಇರಬೇಕು ಎಂದು ಕೆಳಗಿನ ಜಡ್ಜರಿಗೆ ಹೇಳುವಂತಿಲ್ಲ. ನಾಳೆ ನಿಮ್ಮ ಎದುರಾಳಿಗೂ ಒಬ್ಬರು ಪರಿಚಯದವರು ಸಿಕ್ಕಾಗ ನಿಮ್ಮನ್ನು ಕಾಯುವುದೂ ಆ ಗೋಡೆಯೇ.

ವಾದ ಮುಗಿದು ಹತ್ತು ತಿಂಗಳಾಯಿತು. ತೀರ್ಪು ಬಂದಿಲ್ಲ.
— ಕಾಗದದ ವ್ಯಾಪಾರಿ, ಬಳೇಪೇಟೆ

ಯಾವ ಕೋರ್ಟು ಎಂದು ಬರೆದಿಲ್ಲ. ದಾವೆಯಾದರೆ 30 ದಿನ, ಅಸಾಧಾರಣ ಕಾರಣವಿದ್ದರೆ 60 ದಿನ ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯೇ ಹೇಳುತ್ತದೆ. ಹೈಕೋರ್ಟಾದರೆ 2001ರ ಸುಪ್ರೀಂ ಕೋರ್ಟಿನ ನಿರ್ದೇಶನವಿದೆ, 2025ರ ಆಗಸ್ಟಿನಲ್ಲಿ ಅದನ್ನು ಮತ್ತೆ ಒತ್ತಿ ಹೇಳಿದ್ದಾರೆ: ಮೂರು ತಿಂಗಳಾದರೆ ಬೇಗ ತೀರ್ಪು ಕೊಡಿ ಎಂದು ಅರ್ಜಿ ಹಾಕಬಹುದು, ಆರು ತಿಂಗಳಾದರೆ ಬೇರೆ ಪೀಠಕ್ಕೆ ಕೊಡಿ ಎಂದು ಮುಖ್ಯ ನ್ಯಾಯಮೂರ್ತಿಗಳನ್ನು ಕೋರಬಹುದು. ಕೆಳಗಿನ ಕೋರ್ಟಿನಲ್ಲಾದರೆ ತೀರ್ಪು ಕೇಳಲು ತಡ ಮಾಡಬೇಡಿ. ಬೇಸಿಗೆಯ ವರ್ಗಾವಣೆಯಲ್ಲಿ ಜಡ್ಜರು ಹೊರಟರೆ ವಾದವನ್ನು ಹೊಸಬರೆದುರು ಮೊದಲಿಂದ ಮಾಡಬೇಕು.

ಅಪೀಲೆಲ್ಲ ಮುಗಿದು ನಾವೇ ಗೆದ್ದೆವು. ಆದರೂ ಜಾಗ ಕೈಗೆ ಬಂದಿಲ್ಲ. ಅಮಲ್ಜಾರಿ ಅರ್ಜಿ ಹಾಕಿ ಐದು ವರ್ಷ.
— ಓದುಗರು, ಚಾಮರಾಜಪೇಟೆ

ನಿಮ್ಮ ಬಡಾವಣೆಯಿಂದ ಮೈಸೂರು ರಸ್ತೆ ಹಿಡಿದರೆ ಸಿಗುವ ದೀಪಾಂಜಲಿನಗರದ ಒಂದು ಜಾಗದ ಕೇಸು ಇವತ್ತು ದೇಶಕ್ಕೆಲ್ಲ ಕಾನೂನಾಗಿದೆ. 1996ರ ದಾವೆಗಳು, 2006ರಲ್ಲಿ ಡಿಕ್ರಿ, 2009ರಲ್ಲಿ ಹೈಕೋರ್ಟಿನಲ್ಲಿ ಅಪೀಲು ವಜಾ, 2010ರಲ್ಲಿ ಸುಪ್ರೀಂ ಕೋರ್ಟಿನಲ್ಲೂ ಸೋಲು. ಅಲ್ಲಿಗೆ ಮುಗಿಯಬೇಕಿತ್ತು. ಸೋತವರು ಅಮಲ್ಜಾರಿಯಲ್ಲಿ ಒಂದರ ಮೇಲೊಂದು ತಕರಾರು ತೆಗೆದು ಮತ್ತೊಂದು ದಶಕ ಎಳೆದರು. 2021ರ ಏಪ್ರಿಲ್ 22ರಂದು ಸುಪ್ರೀಂ ಕೋರ್ಟು ಎಲ್ಲ ಕೋರ್ಟುಗಳಿಗೂ 14 ನಿರ್ದೇಶನ ಕೊಟ್ಟಿತು. ಅದರಲ್ಲಿ ನಿಮಗೆ ಬೇಕಾದದ್ದು ಇದು: ಅಮಲ್ಜಾರಿ ಅರ್ಜಿಯನ್ನು ದಾಖಲಾದ ಆರು ತಿಂಗಳಲ್ಲಿ ಮುಗಿಸಬೇಕು, ಮೀರಿದರೆ ಕಾರಣ ಬರೆಯಬೇಕು. ಮೊದಲ ಪತ್ರದಲ್ಲಿ ಗಡುವಿಗೆ ಹಿಂಜರಿದ ನಾನು ಇಲ್ಲಿ ಗಡುವನ್ನು ಬೆಂಬಲಿಸುತ್ತೇನೆ. ಇದು ಒಬ್ಬರಿಗೆ ಕೊಟ್ಟ ವಿನಾಯಿತಿಯಲ್ಲ, ಎಲ್ಲರಿಗೂ ಒಂದೇ.

2025ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟು ಎಲ್ಲ ಹೈಕೋರ್ಟುಗಳಿಂದ ಬಾಕಿ ಲೆಕ್ಕ ತರಿಸಿತು. ಅಕ್ಟೋಬರಿನಲ್ಲಿ ಲೆಕ್ಕ ಕೂಡಿಸಿದಾಗ ದೇಶದಲ್ಲಿ 8.82 ಲಕ್ಷಕ್ಕೂ ಹೆಚ್ಚು ಅಮಲ್ಜಾರಿ ಅರ್ಜಿ ಬಾಕಿ. ಕರ್ನಾಟಕದ ಅಂಕಿಗಳು ಮಾತ್ರ ಬಂದಿಲ್ಲವೆಂದು ಆ ಆದೇಶದಲ್ಲೇ ಬರೆದಿದ್ದಾರೆ. ಅದನ್ನು ಓದಿದಾಗ ಈ ಕೋರ್ಟುಗಳಲ್ಲೇ ಬದುಕು ಕಳೆದ ನನಗೆ ನೋವಾಯಿತು. ನಿಮ್ಮ ವಕೀಲರು 2021ರ ತೀರ್ಪಿನ ಪ್ರತಿಯ ಜೊತೆ ಒಂದು ಮೆಮೊ ಕೊಟ್ಟು, ಯಾವ ತಕರಾರು ಬಾಕಿ ಇದೆ, ಅದಕ್ಕೆ ಯಾವ ದಿನ ಆದೇಶ ಎಂದು ಕೇಳಲಿ. ಉತ್ತರ ಬರದಿದ್ದರೆ 227ಕ್ಕೆ ಇದಕ್ಕಿಂತ ಗಟ್ಟಿಯಾದ ಕೇಸು ಇನ್ನೊಂದಿಲ್ಲ.

ಹಿಂದಿನ ಸಂಚಿಕೆಯಲ್ಲಿ ನೀವು ಹೇಳಿದಂತೆ ವಿಚಾರಿಸಿದೆ. ದಾವೆಯ ಕಡತ ಅಪೀಲು ಕೋರ್ಟಿಗೆ ಬಂದೇ ಇರಲಿಲ್ಲ, ಕಳಿಸಿ ಎಂಬ ಪತ್ರವೇ ಹೋಗಿರಲಿಲ್ಲ. ಮೆಮೊ ಕೊಟ್ಟ ಮೂರು ವಾರಕ್ಕೆ ಕಡತ ಬಂತು. ಬರುವ ತಿಂಗಳು ವಾದಕ್ಕೆ ಹಾಕಿದ್ದಾರೆ. ಇನ್ನೇನು ಮಾಡಬೇಕು?
— ಓದುಗರು, ಸುಲ್ತಾನ್‌ಪೇಟೆ

ಪತ್ರ ಓದಿ ಸಂತೋಷವಾಯಿತು. ವಾದದ ದಿನ ನೀವೇ ಹೋಗಿ ಕೋರ್ಟ್ ಹಾಲಿನಲ್ಲಿ ಕೂತಿರಿ. ಅಪೀಲಿನಲ್ಲಿ ತೀರ್ಮಾನಿಸಬೇಕಾದ ಅಂಶಗಳು ಇವಿಷ್ಟು ಎಂದು ಎರಡು ಪುಟದ ಲಿಖಿತ ವಾದವನ್ನು ವಕೀಲರಿಂದ ಕೊಡಿಸಿ. ಅಪೀಲಿನ ತೀರ್ಪಿನಲ್ಲಿ ಆ ಅಂಶಗಳೂ, ಒಂದೊಂದಕ್ಕೆ ಉತ್ತರವೂ, ಕಾರಣವೂ ಇರಲೇಬೇಕು. ಇಲ್ಲದಿದ್ದರೆ ಹೈಕೋರ್ಟು ಅದನ್ನು ವಾಪಸು ಕಳಿಸಿ, ಮತ್ತೆ ಮೊದಲಿಂದ ಶುರುವಾಗುವ ಅಪಾಯವಿದೆ. ವಾದ ಮುಗಿದ ಕೂಡಲೇ ಆರ್ಡರ್ ಶೀಟಿನಲ್ಲಿ ‘ತೀರ್ಪಿಗೆ’ ಎಂದು ಬರೆದು ಯಾವ ತಾರೀಖು ಹಾಕಿದರೆಂದು ನೋಡಿಕೊಂಡು ಬನ್ನಿ. ಆ ತಾರೀಖನ್ನು ನನಗೂ ಒಂದು ಕಾರ್ಡಿನಲ್ಲಿ ತಿಳಿಸಿ.